ಆಟದ ಚಿತ್ರ ಎಲ್ಲಿ ಕೂತಿದೆ? ಸ್ಕ್ರೀನ್‌ಶಾಟ್ ಹುಡುಕುವ ಪಾಠ

ಗೆಳೆಯ ಗೆಳತಿಯರೇ, ಈ ಲೇಖನವನ್ನು ಈ ವಾರವೇ ಓದಿ, ಮುಂದಿನ ವಾರಕ್ಕೆ ಬಿಡಬೇಡಿ. ಯಾಕೆ ಅಂತ ಹೇಳುತ್ತೇನೆ.

ನಮ್ಮ ಶಾಲೆಯ ಕಂಪ್ಯೂಟರ್ ಕೋಣೆಯಲ್ಲಿ ನಾಲ್ಕು ಕಂಪ್ಯೂಟರ್ ಇವೆ. ನಾಲ್ಕರಲ್ಲೂ ವಿಂಡೋಸ್ 10 ಇದೆ. ಮೈಕ್ರೋಸಾಫ್ಟ್ ಕಂಪನಿಯವರು ಅದಕ್ಕೆ ಮಾಮೂಲಿಯಾಗಿ ಕೊಡುತ್ತಿದ್ದ ಉಚಿತ ಅಪ್‌ಡೇಟ್‌ಗಳನ್ನು 2025ರ ಅಕ್ಟೋಬರ್ 14ಕ್ಕೆ ನಿಲ್ಲಿಸಿದರು. ಆದ್ದರಿಂದ ಈ ತಿಂಗಳ ಕೊನೇ ಶನಿವಾರ ರಿಪೇರಿಯವರು ಬಂದು ಎಲ್ಲವನ್ನೂ ಅಳಿಸಿ ಉಬುಂಟು ಹಾಕುತ್ತಾರೆ ಎಂದು ವಿಜ್ಞಾನ ಮೇಷ್ಟ್ರು ಹೇಳಿದ್ದಾರೆ. ಸಿ ಡ್ರೈವ್, ಡಿ ಡ್ರೈವ್ ಎರಡೂ ಖಾಲಿ ಆಗುತ್ತವೆ. ನಾವು ಆಟದಲ್ಲಿ ಹೊಡೆದಿಟ್ಟ ಚಿತ್ರಗಳೂ ಹೋಗುತ್ತವೆ. ಹೋಗಬಾರದು ಅಂದರೆ ಮೊದಲು ಅವು ಎಲ್ಲಿವೆ ಅಂತ ಗೊತ್ತಾಗಬೇಕು. ಬನ್ನಿ, ತಿಳಿದುಕೊಳ್ಳೋಣ.

1. ಸ್ಕ್ರೀನ್‌ಶಾಟ್ ಎಂದರೇನು?

ಪರದೆಯ ಮೇಲೆ ಆ ಕ್ಷಣ ಏನು ಕಾಣುತ್ತಿದೆಯೋ ಅದನ್ನು ಹಾಗೇ ಚಿತ್ರ ಮಾಡುವುದೇ ಸ್ಕ್ರೀನ್‌ಶಾಟ್. ಇದಕ್ಕೆ ಕ್ಯಾಮೆರಾ ಬೇಡ. ಪರದೆ ಎಂದರೆ ಸಣ್ಣ ಸಣ್ಣ ಬಣ್ಣದ ಚುಕ್ಕೆಗಳ ಸಾಲು. ಅಮ್ಮ ಎಳೆಯುವ ಚುಕ್ಕಿ ರಂಗೋಲಿ ನೆನಪು ಮಾಡಿಕೊಳ್ಳಿ. ನಮ್ಮ ಕಂಪ್ಯೂಟರ್ ಪರದೆಯಲ್ಲಿ ಅಡ್ಡಕ್ಕೆ 1366, ಉದ್ದಕ್ಕೆ 768 ಚುಕ್ಕೆಗಳಿವೆ. ಗುಣಿಸಿದರೆ 10,49,088. ಅಂದರೆ ಹತ್ತು ಲಕ್ಷಕ್ಕೂ ಜಾಸ್ತಿ! ಪ್ರತಿ ಚುಕ್ಕೆಯ ಬಣ್ಣವನ್ನೂ ಬರೆದಿಡುವುದೇ ಕಂಪ್ಯೂಟರ್ ಮಾಡುವ ಕೆಲಸ.

ಕೀಲಿಮಣೆಯಲ್ಲಿ ಬಲಗಡೆ ಮೇಲೆ 'ಪ್ರಿಂಟ್ ಸ್ಕ್ರೀನ್' ಎಂಬ ಕೀಲಿ ಇದೆ. ಪ್ರಿಂಟ್ ಅಂತ ಯಾಕೆ ಹೆಸರು? 1981ರಲ್ಲಿ ಬಂದ ಐಬಿಎಂ ಪಿಸಿಯಲ್ಲಿ ಶಿಫ್ಟ್ ಜೊತೆ ಈ ಕೀಲಿ ಒತ್ತಿದರೆ ಪರದೆಯ ಮೇಲಿನ ಅಕ್ಷರಗಳು ನೇರವಾಗಿ ಪ್ರಿಂಟರ್‌ಗೆ ಹೋಗಿ ಕಾಗದದ ಮೇಲೆ ಅಚ್ಚಾಗುತ್ತಿದ್ದವು. ಈಗ ಆ ಕೆಲಸ ಬದಲಾಗಿದೆ, ಹೆಸರು ಮಾತ್ರ ಉಳಿದಿದೆ.

2. ಸ್ಲೇಟು ಬೇರೆ, ನೋಟ್ ಪುಸ್ತಕ ಬೇರೆ

ಇದು ಮುಖ್ಯವಾದ ಪಾಠ. ವಿಂಡೋಸ್ 10ರಲ್ಲಿ ಪ್ರಿಂಟ್ ಸ್ಕ್ರೀನ್ ಕೀಲಿಯನ್ನು ಒಂದನ್ನೇ ಒತ್ತಿದರೆ ಚಿತ್ರ ಕ್ಲಿಪ್‌ಬೋರ್ಡ್‌ಗೆ ಹೋಗುತ್ತದೆ, ಫೈಲ್ ಆಗಿ ಉಳಿಯುವುದಿಲ್ಲ. ಕ್ಲಿಪ್‌ಬೋರ್ಡ್ ಅಂದರೆ ಸ್ಲೇಟು ಇದ್ದ ಹಾಗೆ. ಹೊಸದು ಬರೆದರೆ ಹಳೇದು ಅಳಿಸಿ ಹೋಯ್ತು. ಕಂಪ್ಯೂಟರ್ ಆಫ್ ಮಾಡಿದರೂ ಹೋಯ್ತು. ಉಳಿಸಬೇಕಾದರೆ ತಕ್ಷಣ ಪೇಂಟ್ ತೆರೆದು, ಕಂಟ್ರೋಲ್ ಮತ್ತು ವಿ ಒತ್ತಿ ಅಂಟಿಸಿ, ಕಂಟ್ರೋಲ್ ಮತ್ತು ಎಸ್ ಒತ್ತಿ ಸೇವ್ ಮಾಡಬೇಕು.

ವಿಂಡೋಸ್ ಕೀಲಿಯನ್ನು ಹಿಡಿದುಕೊಂಡು ಪ್ರಿಂಟ್ ಸ್ಕ್ರೀನ್ ಒತ್ತಿದರೆ ಪರದೆ ಒಂದು ಕ್ಷಣ ಮಂಕಾಗಿ ಮತ್ತೆ ಸರಿ ಹೋಗುತ್ತೆ. ಚಿತ್ರ ನೋಟ್ ಪುಸ್ತಕಕ್ಕೆ ಬರೆದ ಹಾಗೆ ಫೈಲ್ ಆಗಿ ಉಳಿಯಿತು ಅನ್ನುವುದಕ್ಕೆ ಅದೇ ಗುರುತು. ಈ ಸೌಲಭ್ಯ 2012ರಲ್ಲಿ ವಿಂಡೋಸ್ 8ರ ಜೊತೆ ಬಂತು.

ಆದ್ದರಿಂದ ಚಿತ್ರ ಹುಡುಕುವ ಮೊದಲು ನಿಮ್ಮನ್ನೇ ಕೇಳಿಕೊಳ್ಳಿ: ನಾನು ಯಾವ ಕೀಲಿ ಒತ್ತಿದ್ದೆ? ಕೀಲಿ ಗೊತ್ತಾದರೆ ಮನೆ ಗೊತ್ತಾದ ಹಾಗೇ.

3. ಫೈಲಿಗೂ ವಿಳಾಸ ಉಂಟು

ನಮಗೆ ಕಾಗದ ಬರಬೇಕಾದರೆ ಜಿಲ್ಲೆ, ತಾಲ್ಲೂಕು, ಹೋಬಳಿ, ಊರು, ಮನೆ ಅಂತ ವಿಳಾಸ ಇರಬೇಕಲ್ಲವೇ? ಫೈಲಿಗೂ ಹಾಗೇ. ಸಿ ಡ್ರೈವ್ ಜಿಲ್ಲೆ ಅಂದುಕೊಳ್ಳಿ. ಅದರೊಳಗೆ ಯೂಸರ್ಸ್ ಎಂಬ ತಾಲ್ಲೂಕು. ಅದರೊಳಗೆ ನಮ್ಮ ಲಾಗಿನ್ ಹೆಸರಿನ ಹೋಬಳಿ. ಅದರೊಳಗೆ ಪಿಕ್ಚರ್ಸ್ ಎಂಬ ಊರು. ಅಲ್ಲಿ ಸ್ಕ್ರೀನ್‌ಶಾಟ್ಸ್ ಎಂಬ ಮನೆ. ಒಂದರೊಳಗೆ ಒಂದು ಹೋಗುತ್ತಾ ಇದ್ದರೆ ಚಿತ್ರ ಸಿಗುತ್ತದೆ. ವಿಂಡೋಸ್ ಕೀಲಿ ಮತ್ತು ಇ ಒಟ್ಟಿಗೆ ಒತ್ತಿದರೆ ಫೈಲ್ ಎಕ್ಸ್‌ಪ್ಲೋರರ್ ತೆರೆಯುತ್ತೆ. ಹುಡುಕಾಟವನ್ನು ಅಲ್ಲಿಂದಲೇ ಶುರು ಮಾಡಿ.

4. ಯಾವ ಕೀಲಿಗೆ ಯಾವ ಮನೆ?

ಇದನ್ನು ನಿಮ್ಮ ನೋಟ್ ಪುಸ್ತಕದಲ್ಲಿ ಬರೆದುಕೊಳ್ಳಿ.

ಅ) ವಿಂಡೋಸ್ ಕೀಲಿ + ಪ್ರಿಂಟ್ ಸ್ಕ್ರೀನ್: ಪಿಕ್ಚರ್ಸ್ ಒಳಗಿನ ಸ್ಕ್ರೀನ್‌ಶಾಟ್ಸ್ ಫೋಲ್ಡರ್. ಹೆಸರು ಸ್ಕ್ರೀನ್‌ಶಾಟ್ 1, 2, 3 ಅಂತ ಸಾಲಾಗಿ ಇರುತ್ತೆ. ಒನ್‌ಡ್ರೈವ್ ಬ್ಯಾಕಪ್ ಹಾಕಿರುವ ಕಂಪ್ಯೂಟರ್‌ನಲ್ಲಿ ಪಿಕ್ಚರ್ಸ್ ಫೋಲ್ಡರೇ ಒನ್‌ಡ್ರೈವ್ ಒಳಗೆ ಹೋಗಿರುತ್ತದೆ, ಅಲ್ಲೂ ನೋಡಿ.

ಆ) ವಿಂಡೋಸ್ ಕೀಲಿ + ಆಲ್ಟ್ + ಪ್ರಿಂಟ್ ಸ್ಕ್ರೀನ್: ಇದು ಆಟಕ್ಕೆಂದೇ ಇರುವ ಗೇಮ್ ಬಾರ್‌ನ ಕೀಲಿ. ಇಲ್ಲೊಂದು ತಮಾಷೆ ಇದೆ. ಇದು ಚಿತ್ರವಾದರೂ ಪಿಕ್ಚರ್ಸ್‌ನಲ್ಲಿ ಇರುವುದಿಲ್ಲ! ವಿಡಿಯೋಸ್ ಒಳಗಿನ ಕ್ಯಾಪ್ಚರ್ಸ್ ಎಂಬ ಫೋಲ್ಡರ್‌ನಲ್ಲಿ ಇರುತ್ತದೆ. ತುಂಬಾ ಜನ ಹುಡುಕಿ ಸುಸ್ತಾಗುವುದು ಇದರಿಂದಲೇ.

ಇ) ಲುವಾಂಟಿ ಆಟದಲ್ಲಿ ಎಫ್ 12: ನಮ್ಮ ಶಾಲೆಯಲ್ಲಿ ಎಲ್ಲರೂ ಆಡುವ ಇಟ್ಟಿಗೆ ಕಟ್ಟುವ ಆಟ ಇದೇ. 2024ರ ಅಕ್ಟೋಬರ್‌ವರೆಗೆ ಇದರ ಹೆಸರು ಮೈನ್‌ಟೆಸ್ಟ್ ಅಂತ ಇತ್ತು. ದುಡ್ಡು ಕೊಡಬೇಕಿಲ್ಲ. ಜಿಪ್ ಬಿಚ್ಚಿ ಹಾಕಿದ ಆಟವಾದರೆ ಆಟದ ಫೋಲ್ಡರ್ ಒಳಗೇ ಸ್ಕ್ರೀನ್‌ಶಾಟ್ಸ್ ಎಂಬ ಫೋಲ್ಡರ್ ಇರುತ್ತೆ. ಮೊದಲ ಚಿತ್ರ ಹೊಡೆಯುವ ತನಕ ಆ ಫೋಲ್ಡರ್ ಇರುವುದಿಲ್ಲ, ಆಮೇಲೆ ತಾನೇ ಹುಟ್ಟುತ್ತೆ. ಎಫ್ 12 ಒತ್ತಿದ ಕೂಡಲೇ ಚಿತ್ರ ಎಲ್ಲಿ ಸೇವ್ ಆಯಿತು ಎಂದು ಪರದೆಯ ಮೇಲೆ ಒಂದು ಸಾಲು ಬರುತ್ತದೆ. ನಾವು ಅದನ್ನು ಓದದೇ ಆಟ ಮುಂದುವರಿಸುತ್ತೇವೆ. ಇನ್ನು ಮೇಲೆ ಓದಿ.

ಈ) ಮೈನ್‌ಕ್ರಾಫ್ಟ್ ಜಾವಾ ಆಟದಲ್ಲಿ ಎಫ್ 2: ಇದು ಬೆಂಗಳೂರಿನಲ್ಲಿರುವ ನಮ್ಮ ಚಿಕ್ಕಪ್ಪನ ಮಗನ ಕಂಪ್ಯೂಟರ್‌ನಲ್ಲಿ ಇದೆ. ಇದರ ಚಿತ್ರಗಳು ಮುಚ್ಚಿಟ್ಟ ಫೋಲ್ಡರ್‌ನಲ್ಲಿ ಇರುತ್ತವೆ. ಆ ವಿಷಯ ಮುಂದೆ ಹೇಳುತ್ತೇನೆ.

ಉ) ಸ್ಟೀಮ್ ಮೂಲಕ ಆಡುವ ಆಟಗಳಲ್ಲಿ ಎಫ್ 12: ಸ್ಟೀಮ್ ಫೋಲ್ಡರ್ ಒಳಗೆ ಯೂಸರ್‌ಡೇಟಾ, ಅದರಲ್ಲಿ ನಮ್ಮ ಖಾತೆಯ ನಂಬರ್, ಅದರಲ್ಲಿ 760, ಅದರಲ್ಲಿ ರಿಮೋಟ್, ಅದರಲ್ಲಿ ಆಟದ ನಂಬರ್, ಅದರಲ್ಲಿ ಸ್ಕ್ರೀನ್‌ಶಾಟ್ಸ್. ಅಬ್ಬಾ! ಆಟದ ಹೆಸರಿನ ಬದಲು ನಂಬರ್ ಇರುವುದರಿಂದ ಗುರುತು ಸಿಗುವುದು ಕಷ್ಟ. ಸ್ಟೀಮ್‌ನ ವ್ಯೂ ಪಟ್ಟಿಯಲ್ಲಿರುವ ಸ್ಕ್ರೀನ್‌ಶಾಟ್ಸ್ ಒತ್ತಿ ನೋಡುವುದೇ ಸುಲಭ.

ಊ) ಉಬುಂಟುವಿನಲ್ಲಿ ಪ್ರಿಂಟ್ ಸ್ಕ್ರೀನ್: ಮುಂದಿನ ತಿಂಗಳಿಂದ ನಮಗೆ ಬೇಕಾಗುವುದು ಇದೇ. 2022ರಲ್ಲಿ ಬಂದ ಉಬುಂಟು 22.04ರಿಂದ ಈಚೆಗೆ ಚಿತ್ರಗಳು ಪಿಕ್ಚರ್ಸ್ ಒಳಗಿನ ಸ್ಕ್ರೀನ್‌ಶಾಟ್ಸ್ ಫೋಲ್ಡರ್‌ಗೆ ಹೋಗುತ್ತವೆ. ಕ್ಲಿಪ್‌ಬೋರ್ಡ್‌ಗೂ ಹೋಗುತ್ತವೆ. ಸ್ಲೇಟು ಮತ್ತು ಪುಸ್ತಕ ಎರಡಕ್ಕೂ ಬರೆದ ಹಾಗೆ.

5. ಅಟ್ಟದ ಮೇಲಿನ ಫೋಲ್ಡರ್

ಮನೆಯಲ್ಲಿ ಅಜ್ಜಿ ಬೆಲ್ಲದ ಡಬ್ಬವನ್ನು ಮಕ್ಕಳ ಕೈಗೆ ಸಿಗದ ಹಾಗೆ ಅಟ್ಟದ ಮೇಲೆ ಇಡುತ್ತಾರೆ. ಡಬ್ಬ ಮನೆಯಲ್ಲೇ ಇರುತ್ತೆ, ಕಣ್ಣಿಗೆ ಮಾತ್ರ ಬೀಳಲ್ಲ. ವಿಂಡೋಸ್‌ನಲ್ಲಿ ಆಪ್‌ಡೇಟಾ ಎಂಬ ಫೋಲ್ಡರ್ ಹೀಗೇ. ಆಟಗಳ ಸೆಟ್ಟಿಂಗ್ ಮುಂತಾದ್ದನ್ನು ಯಾರೂ ತಿಳಿಯದೇ ಅಳಿಸಬಾರದು ಅಂತ ಅದನ್ನು ಮುಚ್ಚಿಟ್ಟಿದ್ದಾರೆ. ನೋಡಬೇಕಾದರೆ ಎರಡು ದಾರಿ ಇವೆ.

ಒಂದನೇ ದಾರಿ: ಫೈಲ್ ಎಕ್ಸ್‌ಪ್ಲೋರರ್‌ನಲ್ಲಿ ವ್ಯೂ ಒತ್ತಿ, 'ಹಿಡನ್ ಐಟಮ್ಸ್' ಎಂಬ ಚೌಕಕ್ಕೆ ಗುರುತು ಹಾಕಿ. ಮಸುಕು ಬಣ್ಣದಲ್ಲಿ ಆ ಫೋಲ್ಡರ್ ಕಾಣಿಸುತ್ತೆ.

ಎರಡನೇ ದಾರಿ: ವಿಂಡೋಸ್ ಕೀಲಿ ಮತ್ತು ಆರ್ ಒತ್ತಿ. ಸಣ್ಣ ಪೆಟ್ಟಿಗೆ ಬರುತ್ತೆ. ಅದರಲ್ಲಿ ಮೊದಲು ಗಣಿತದ ಶೇಕಡಾ ಚಿಹ್ನೆ ಹಾಕಿ. ಆಮೇಲೆ ಇಂಗ್ಲಿಷಿನಲ್ಲಿ ಎ, ಪಿ, ಪಿ, ಡಿ, ಎ, ಟಿ, ಎ ಎಂದು ಜಾಗ ಬಿಡದೆ ಬರೆಯಿರಿ. ಮತ್ತೆ ಶೇಕಡಾ ಚಿಹ್ನೆ ಹಾಕಿ ಎಂಟರ್ ಒತ್ತಿ. ಆಪ್‌ಡೇಟಾ ಒಳಗಿನ ರೋಮಿಂಗ್ ಎಂಬ ಫೋಲ್ಡರ್ ತೆರೆಯುತ್ತೆ. ಅಲ್ಲಿ ಚುಕ್ಕೆಯಿಂದ ಶುರುವಾಗುವ ಮೈನ್‌ಕ್ರಾಫ್ಟ್ ಫೋಲ್ಡರ್, ಅದರಲ್ಲಿ ಸ್ಕ್ರೀನ್‌ಶಾಟ್ಸ್ ಇರುತ್ತದೆ. ಚಿತ್ರದ ಹೆಸರಿನಲ್ಲೇ ಹೊಡೆದ ದಿನ, ಗಂಟೆ, ನಿಮಿಷ, ಸೆಕೆಂಡ್ ಬರೆದಿರುತ್ತೆ.

ಉಬುಂಟುವಿನಲ್ಲೂ ಹೆಸರು ಚುಕ್ಕೆಯಿಂದ ಶುರುವಾದರೆ ಫೋಲ್ಡರ್ ಕಾಣುವುದಿಲ್ಲ. ಕಂಟ್ರೋಲ್ ಮತ್ತು ಹೆಚ್ ಒತ್ತಿದರೆ ಕಾಣುತ್ತದೆ.

ಎಚ್ಚರಿಕೆ: ಮುಚ್ಚಿಟ್ಟ ಫೋಲ್ಡರ್‌ನಲ್ಲಿ ನೋಡಿ, ಕಾಪಿ ಮಾಡಿ. ಏನನ್ನೂ ಡಿಲೀಟ್ ಮಾಡಬೇಡಿ.

6. ಏನೂ ಗೊತ್ತಿಲ್ಲದಿದ್ದರೆ ಕರುವನ್ನು ಬಿಡಿ

ಯಾವ ಕೀಲಿ, ಯಾವ ಫೋಲ್ಡರ್ ಒಂದೂ ನೆನಪಿಲ್ಲ ಅಂದುಕೊಳ್ಳಿ. ಆಗಲೂ ಉಪಾಯ ಇದೆ. ಹಸು ಎಲ್ಲೋ ಮೇಯಲು ಹೋಗಿ ಕಾಣದಿದ್ದರೆ ನಮ್ಮ ತಾತ ಕರುವಿನ ಹಗ್ಗ ಬಿಚ್ಚುತ್ತಾರೆ. ಕರು ತಾನೇ ತಾಯಿ ಹತ್ತಿರ ಓಡುತ್ತೆ, ತಾತ ಹಿಂದೆ ಹೋಗುತ್ತಾರೆ. ಹಾಗೇ ನಾವು ಒಂದು ಹೊಸ ಚಿತ್ರ ಹೊಡೆಯಬೇಕು.

ಆಟ ತೆರೆಯಿರಿ. ಮಾಮೂಲಿಯಾಗಿ ಒತ್ತುವ ಕೀಲಿಯನ್ನೇ ಒತ್ತಿ. ಗಡಿಯಾರ ನೋಡಿ ಸಮಯ ಬರೆದುಕೊಳ್ಳಿ. ಆಮೇಲೆ ಫೈಲ್ ಎಕ್ಸ್‌ಪ್ಲೋರರ್‌ನಲ್ಲಿ ಡ್ರೈವ್ ತೆರೆದು, ಹುಡುಕುವ ಪೆಟ್ಟಿಗೆಯಲ್ಲಿ ನಕ್ಷತ್ರ ಚಿಹ್ನೆ, ಚುಕ್ಕೆ, ಪಿಎನ್‌ಜಿ ಎಂದು ಇಂಗ್ಲಿಷಿನಲ್ಲಿ ಬರೆಯಿರಿ. ಪಿಎನ್‌ಜಿ ಎಂದರೆ 1996ರಲ್ಲಿ ಬಂದ ಒಂದು ಚಿತ್ರದ ನಮೂನೆ. ಚುಕ್ಕೆಗಳ ಬಣ್ಣ ಒಂದೂ ಕೆಡದ ಹಾಗೆ ಮಡಿಸಿಡುತ್ತದೆ. ಅದಕ್ಕೇ ತುಂಬಾ ಆಟಗಳು ಇದನ್ನು ಬಳಸುತ್ತವೆ. ಆಟದ ಸಣ್ಣಪುಟ್ಟ ಚಿತ್ರಗಳೂ ಸೇರಿ ನೂರಾರು ಬರುತ್ತವೆ, ಹೆದರಬೇಡಿ. ದಿನಾಂಕದ ಪ್ರಕಾರ ಜೋಡಿಸಿದರೆ ಈಗ ತಾನೇ ಹೊಡೆದದ್ದು ಮೇಲೆ ಬರುತ್ತೆ. ಅದರ ಮೇಲೆ ಮೌಸಿನ ಬಲಗುಂಡಿ ಒತ್ತಿ 'ಓಪನ್ ಫೈಲ್ ಲೊಕೇಶನ್' ಆರಿಸಿ. ಹೊಸ ಚಿತ್ರ ಇರುವ ಮನೆಯಲ್ಲೇ ಹಳೇ ಚಿತ್ರಗಳೂ ಇರುತ್ತವೆ! ಪಿಎನ್‌ಜಿ ಸಿಗದಿದ್ದರೆ ಜೆಪಿಜಿ ಎಂದು ಹುಡುಕಿ.

7. ನಮಗೆ ಸಿಕ್ಕಿದ್ದು

ಹೋದ ವಾರ ನಾವು ಮೂರು ಜನ ಈ ಉಪಾಯದಿಂದಲೇ ಎರಡನೇ ನಂಬರ್ ಕಂಪ್ಯೂಟರ್ ಹುಡುಕಿದೆವು. ಡಿ ಡ್ರೈವ್‌ನಲ್ಲಿ ಗೇಮ್ಸ್ ಎಂಬ ಫೋಲ್ಡರ್, ಅದರಲ್ಲಿ ಹಳೇ ಮೈನ್‌ಟೆಸ್ಟ್, ಅದರೊಳಗೆ ಸ್ಕ್ರೀನ್‌ಶಾಟ್ಸ್. ತೆರೆದರೆ 38 ಚಿತ್ರಗಳು. ನಮ್ಮವು ಒಂಬತ್ತೇ. ಉಳಿದವೆಲ್ಲ ಈಗ ಹೈಸ್ಕೂಲಿಗೆ ಹೋಗಿರುವ ಅಕ್ಕ ಅಣ್ಣಂದಿರವು.

ಅವರು ಕಟ್ಟಿದ್ದು ನಮ್ಮ ಹಳೇ ಹೆಂಚಿನ ಶಾಲೆ! ಸೋರುತ್ತೆ ಅಂತ ಅದನ್ನು ಕೆಡವಿ ಈಗಿನ ಕಟ್ಟಡ ಕಟ್ಟಿದರಲ್ಲ, ಅದೇ. ಮರದ ಕಂಬ, ಜಗಲಿ, ಗಂಟೆ ಕಟ್ಟುತ್ತಿದ್ದ ಕೊಂಬೆ, ನೀರಿನ ತೊಟ್ಟಿ ಎಲ್ಲ ಇದೆ. ಒಂದನೇ ಕ್ಲಾಸಿನ ಕಿಟಕಿಗೆ ಒಂದು ಸರಳು ಇಲ್ಲದೇ ಇದ್ದದ್ದನ್ನೂ ಹಾಗೇ ಮಾಡಿದ್ದಾರೆ. ಆಫೀಸಿನಲ್ಲಿರುವ ಗ್ರೂಪ್ ಫೋಟೋಗಳಲ್ಲಿ ಶಾಲೆಯ ಮುಂಭಾಗ ಮಾತ್ರ ಇದೆ. ಒಳಗಿನ ಕೋಣೆ ಹೇಗಿತ್ತು ಅಂತ ತೋರಿಸುವ ಚಿತ್ರ ಶಾಲೆಯಲ್ಲಿ ಇರುವುದು ಇವಷ್ಟೇ. ಹೆಡ್ ಮೇಷ್ಟ್ರು ನೋಡಿ ಸುಮಾರು ಹೊತ್ತು ಸುಮ್ಮನೆ ನಿಂತಿದ್ದರು. ಆಮೇಲೆ "ಇದು ಅಳಿಸಿ ಹೋಗಬಾರದು ಕಣ್ರಯ್ಯ" ಅಂದರು.

ಇನ್ನೂ ಮೂರು ಕಂಪ್ಯೂಟರ್ ಹುಡುಕುವುದು ಬಾಕಿ ಇದೆ. ಅದಕ್ಕೇ ಈ ಲೇಖನ ಬರೆದೆ.

8. ಸಿಕ್ಕಿದ್ದನ್ನು ಕಾಪಾಡುವುದು

• ಕಟ್ ಮಾಡಬೇಡಿ, ಕಾಪಿ ಮಾಡಿ. ನಡುವೆ ಕರೆಂಟ್ ಹೋದರೂ ಮೂಲ ಉಳಿಯುತ್ತೆ.
• ಪೆನ್ ಡ್ರೈವ್‌ಗೆ ಹಾಕಿದ ಮೇಲೆ ಪೆನ್ ಡ್ರೈವ್‌ನಿಂದಲೇ ಚಿತ್ರ ತೆರೆದು ನೋಡಿ. ಆಮೇಲೆ ಇಜೆಕ್ಟ್ ಕೊಟ್ಟು ತೆಗೆಯಿರಿ.
• ಎರಡು ಕಡೆ ಇಡಿ. ಒಂದು ಶಾಲೆಯ ಪೆನ್ ಡ್ರೈವ್, ಇನ್ನೊಂದು ಮೇಷ್ಟ್ರ ಲ್ಯಾಪ್‌ಟಾಪ್.
• ವಾಟ್ಸಾಪ್‌ನಲ್ಲಿ ಫೋಟೋ ಅಂತ ಕಳಿಸಿದರೆ ಚಿತ್ರ ಕುಗ್ಗುತ್ತದೆ. ಡಾಕ್ಯುಮೆಂಟ್ ಅಂತ ಕಳಿಸಿದರೆ ಹಾಗೇ ಹೋಗುತ್ತದೆ.
• ಸ್ಕ್ರೀನ್‌ಶಾಟ್ ಬರೀ ಚಿತ್ರ. ಕಟ್ಟಿದ ಊರೇ ಬೇಕಾದರೆ ಲುವಾಂಟಿ ಫೋಲ್ಡರ್ ಒಳಗಿನ ವರ್ಲ್ಡ್ಸ್ ಫೋಲ್ಡರನ್ನೂ ಕಾಪಿ ಮಾಡಿ. ಆಟ ಮುಚ್ಚಿದ ಮೇಲೆ ಮಾಡಿ.
• ಫೋಲ್ಡರ್‌ಗೆ ಕಟ್ಟಿದವರ ಹೆಸರು, ತರಗತಿ, ವರ್ಷ ಬರೆಯಿರಿ. ಹೆಸರಿಲ್ಲದ ಚಿತ್ರ ಯಾರದ್ದು ಅಂತ ನಾಳೆ ಯಾರಿಗೂ ತಿಳಿಯುವುದಿಲ್ಲ.

ಅಚ್ಚು ಹಾಕಿಸುವವರಿಗೆ ಒಂದು ಲೆಕ್ಕ: ಒಂದು ಅಂಗುಲಕ್ಕೆ 150 ಚುಕ್ಕೆ ಇಟ್ಟರೆ 1366 ಚುಕ್ಕೆಯ ಚಿತ್ರ ಸುಮಾರು 9 ಅಂಗುಲ ಅಗಲ ಬರುತ್ತದೆ. ಈ ಗೋಡೆ ಪತ್ರಿಕೆಯಲ್ಲಿ ಅಂಟಿಸಲು ಅಷ್ಟು ಸಾಕು.

9. ಮಾಡಿ ನೋಡಿ

1) ಕ್ಲಿಪ್‌ಬೋರ್ಡನ್ನು ಸ್ಲೇಟಿಗೆ ಏಕೆ ಹೋಲಿಸಿದ್ದೇವೆ?
2) ಗೇಮ್ ಬಾರ್‌ನಲ್ಲಿ ಹೊಡೆದ ಚಿತ್ರ ಯಾವ ಫೋಲ್ಡರ್‌ನಲ್ಲಿ ಇರುತ್ತದೆ?
3) ಪರದೆಯ ಅಳತೆ 1920 ಮತ್ತು 1080 ಆದರೆ ಒಟ್ಟು ಚುಕ್ಕೆಗಳೆಷ್ಟು?
4) ನೀವು ಕೊನೆಯ ಸಲ ಹೊಡೆದ ಚಿತ್ರದ ಪೂರ್ತಿ ವಿಳಾಸ ಬರೆಯಿರಿ.

ಮೂರನೆಯದರ ಉತ್ತರ 20,73,600. ಗುಣಿಸಿ ತಾಳೆ ನೋಡಿ. ನಾಲ್ಕನೆಯದರ ಉತ್ತರವನ್ನು ಒಂದು ಚೀಟಿಯಲ್ಲಿ ಬರೆದು, ಕಂಪ್ಯೂಟರ್ ನಂಬರ್ ಸಮೇತ ಶುಕ್ರವಾರದೊಳಗೆ ವಿಜ್ಞಾನ ಮೇಷ್ಟ್ರ ಕೈಗೆ ಕೊಡಿ. ಹೈಸ್ಕೂಲಿನಲ್ಲಿ ಓದುವ ಅಕ್ಕ ಅಣ್ಣ ಮನೆಯಲ್ಲಿದ್ದರೆ ಅವರನ್ನೂ ಕೇಳಿಕೊಂಡು ಬನ್ನಿ.

– 7ನೇ ತರಗತಿ