ಮ್ಯಾಕ್‌ಬೆತ್ ನಾಟಕವೂ ಮೂರು ಚಲಚ್ಚಿತ್ರಗಳೂ

ರಾಜ್ಯಲೋಭದಿಂದುಂಟಾಗುವ ಅನರ್ಥವನ್ನು ತೋರಿಸುವ ದುರಂತನಾಟಕಗಳಲ್ಲಿ, ಶೇಕ್ಸ್‌ಪಿಯರ್ ಮಹಾಕವಿಯು ಸುಮಾರು 1606ರಲ್ಲಿ ರಚಿಸಿದ ‘ಮ್ಯಾಕ್‌ಬೆತ್’ ಅಗ್ರಗಣ್ಯವಾದುದು. ಎಂ. ಎಲ್. ಶ್ರೀಕಂಠೇಶಗೌಡರು ಇದನ್ನು ‘ಪ್ರತಾಪರುದ್ರದೇವ’ ಎಂಬ ಹೆಸರಿನಿಂದ ಕನ್ನಡಕ್ಕೆ ತಂದಿರುವರಾದ್ದರಿಂದ ಕಥೆಯು ನಮ್ಮವರಿಗೆ ಹೊಸತಲ್ಲ. ಸ್ಕಾಟ್ಲೆಂಡಿನ ಸೇನಾನಿಯಾದ ಮ್ಯಾಕ್‌ಬೆತ್ತನು ಅರಸನಾಗುವನೆಂದು ಮೂವರು ಮಾಟಗಾತಿಯರು ನುಡಿಯುತ್ತಾರೆ. ಪತ್ನಿಯ ಪ್ರೇರಣೆಯಿಂದ ಅವನು ತನ್ನ ಮನೆಗೆ ಅತಿಥಿಯಾಗಿ ಬಂದ ಅರಸನನ್ನು ಕೊಂದು, ಸಿಂಹಾಸನವನ್ನೇರಿ, ಕಡೆಗೆ ತಾನೂ ನಾಶಹೊಂದುತ್ತಾನೆ.

ಈ ಕೊಲೆಗೆ ಹೊಣೆ ವಿಧಿಯೋ, ಮನುಷ್ಯನೋ? ಮಾಟಗಾತಿಯರನ್ನು ತೆರೆಯ ಮೇಲೆ ತರುವ ಪ್ರತಿಯೊಬ್ಬ ನಿರ್ದೇಶಕನೂ ಈ ಪ್ರಶ್ನೆಗೆ ಉತ್ತರ ಕೊಡಬೇಕಾಗುವುದು.

ಜಪಾನಿನ ಅಕಿರಾ ಕುರೊಸಾವ ಅವರು 1957ರ ‘ಥ್ರೋನ್ ಆಫ್ ಬ್ಲಡ್’ ಚಿತ್ರದಲ್ಲಿ ಕಥೆಯನ್ನು ತಮ್ಮ ದೇಶದ ಸಮುರಾಯಿಗಳ ಕಾಲಕ್ಕೆ ಒಯ್ದರು. ಅಲ್ಲಿ ಭವಿಷ್ಯ ಹೇಳುವುದು ಅಡವಿಯಲ್ಲಿ ರಾಟೆ ತಿರುಗಿಸುವ ಒಂದೇ ಪ್ರೇತ. ಅದು ನುಡಿದು ಮಾಯವಾಗುತ್ತದೆ. ಈ ಭವಿಷ್ಯವು ಪ್ರಭುವಿಗೆ ತಿಳಿದರೆ ಅವನು ಸುಮ್ಮನಿರನೆಂದು ಆಮೇಲೆ ವಾದಿಸುವವಳು ಪತ್ನಿಯಾದ ಅಸಾಜಿ. ಹೀಗೆ ಲೋಭವು ಭಯದ ವೇಷವನ್ನು ಧರಿಸುತ್ತದೆ. ನಾಯಕನು ಕೊನೆಗೆ ಸ್ವಂತ ಸೈನಿಕರ ಬಾಣಗಳಿಂದಲೇ ಸಾಯುತ್ತಾನೆ.

ವಿಶಾಲ್ ಭಾರದ್ವಾಜರ ‘ಮಕ್ಬೂಲ್’ (2003) ಮುಂಬಯಿಯ ಪಾತಕಲೋಕದ ಕಥೆ. ಮಾಟಗಾತಿಯರ ಸ್ಥಾನದಲ್ಲಿ ಇಬ್ಬರು ಪೊಲೀಸ್ ಅಧಿಕಾರಿಗಳು ಕುಂಡಲಿ ಬರೆದು ಭವಿಷ್ಯ ಹೇಳುತ್ತಾರೆ. ಪಾತಕಿಗಳಲ್ಲಿ ಯಾರೊಬ್ಬರೂ ಅತಿಯಾಗಿ ಬಲಿಯದಂತೆ ನೋಡಿಕೊಳ್ಳುವುದು ಇವರ ತಂತ್ರ. ಆದಕಾರಣ ಇಲ್ಲಿ ಭವಿಷ್ಯ ನುಡಿಯುವವರಿಗೂ ಸ್ವಾರ್ಥವುಂಟು.

ಜೋಯಲ್ ಕೋಯನ್ ಅವರು 2021ರಲ್ಲಿ ಕಪ್ಪು ಬಿಳುಪಿನಲ್ಲಿ ತೆಗೆದ ಚಿತ್ರದಲ್ಲಿ ಕ್ಯಾಥರಿನ್ ಹಂಟರ್ ಎಂಬ ನಟಿಯೊಬ್ಬಳೇ ಮೂವರು ಮಾಟಗಾತಿಯರಾಗಿರುವಳು. ಒಂದೆಡೆ ನಿಂತವಳು ಒಬ್ಬಳಾದರೂ ನೀರಿನಲ್ಲಿ ಕಾಣುವ ಬಿಂಬಗಳು ಎರಡು. ಈ ಮಾತು ಹೊರಗಿನದೋ, ಕೇಳುವವನ ಮನಸ್ಸಿನದೋ ಎಂಬ ಸಂದೇಹವು ನೋಡುವವರಿಗೆ ಉಂಟಾಗುತ್ತದೆ.

ಮೂಲನಾಟಕದಲ್ಲಿಯೇ ಇದಕ್ಕೆ ಉತ್ತರವಿದೆ. ಮಾಟಗಾತಿಯರು ಕಿರೀಟದ ಮಾತನ್ನಾಡಿದರೇ ಹೊರತು ಅರಸನನ್ನು ಕೊಲ್ಲೆಂದು ಹೇಳಲಿಲ್ಲ. ಅದೇ ಸ್ಥಳದಲ್ಲಿ ಸಂಗಡಿಗನಾದ ಬ್ಯಾಂಕೋವಿಗೂ ಅವನ ಸಂತತಿಯವರು ಅರಸರಾಗುವರೆಂಬ ಮಾತು ದೊರೆಯಿತು. ಆದರೂ ಅವನು ಕತ್ತಿಯನ್ನು ಹಿರಿಯಲಿಲ್ಲ. ಹಾಗಾದರೆ ಕೊಲೆಗೆ ಹೊಣೆ ಮನುಷ್ಯನೇ ಹೊರತು ವಿಧಿಯಲ್ಲ.

ನೀನು ಎಲ್ಲರಿಗಿಂತ ಮೇಲಾಗುವೆ ಎಂದು ನಮ್ಮ ಮಕ್ಕಳಿಗೂ ಮನೆಯಲ್ಲಿ, ನೆರೆಯಲ್ಲಿ ಹೇಳುವವರುಂಟು. ಆ ಮಾತು ತಪ್ಪಲ್ಲ. ಯಾವ ದಾರಿಯಿಂದ ಮೇಲಾಗಬೇಕೆಂಬುದನ್ನು ಅದರ ಸಂಗಡಲೇ ಹೇಳಿಕೊಡುವುದು ಹಿರಿಯರ ಕರ್ತವ್ಯವು.