ಮನೆ ಸಾಲ: ಐದು ಲಕ್ಷ ತಂದು ಹದಿಮೂರು ಲಕ್ಷ ಕಟ್ಟುವ ಲೆಕ್ಕ

ನಾನು ಓದಿದ್ದು ಏಳನೇ ಕ್ಲಾಸು. ಚಳ್ಳಕೆರೆ ತಾಲ್ಲೂಕಿನಲ್ಲಿ ಆರು ಎಕರೆ ಕೆಂಪು ಮಣ್ಣಿನ ಹೊಲ. ಪೂರಾ ಮಳೆ ನಂಬಿದ್ದು. ಶೇಂಗಾ ಹಾಕುತ್ತೇನೆ, ಅಕ್ಕಡಿ ಸಾಲಿಗೆ ತೊಗರಿ. ಜೊತೆಗೆ ಒಂದಿಷ್ಟು ಕುರಿ. ಹೀಗಾಗಿ ಪತ್ರಿಕೆಗೆ ಬರೆದರೆ ಬೆಳೆ ಬಗ್ಗೆಯೇ ಬರೆಯಬೇಕಿತ್ತು. ಆದರೆ ನಮ್ಮೂರಲ್ಲಿ ಈಗ ಏಳೆಂಟು ಮನೆಯವರು ಮನೆ ಕಟ್ಟಲು ಸಾಲ ತಂದಿದ್ದಾರೆ. ಇನ್ನೂ ನಾಲ್ಕು ಜನ ಪಂಚಾಯ್ತಿಯಿಂದ ಇ-ಸ್ವತ್ತು ನಮೂನೆ 9, 11 ಮಾಡಿಸಿಕೊಂಡು ಓಡಾಡುತ್ತಿದ್ದಾರೆ. ಕೇಳಿದರೆ ಎಲ್ಲರೂ ಹೇಳುವುದು ತಿಂಗಳ ಕಂತು ಎಷ್ಟು ಅಂತ ಮಾತ್ರ. ಒಟ್ಟು ಎಷ್ಟು ಕಟ್ಟಬೇಕು ಅಂದರೆ ಸುಮ್ಮನಾಗುತ್ತಾರೆ. ನಾನೂ ಹಾಗೇ ಸುಮ್ಮನಿದ್ದವನು. ಅದಕ್ಕೇ ಈ ಬರಹ.

ನಮ್ಮಪ್ಪ ಕಟ್ಟಿಸಿದ್ದು ಮೂರಂಕಣದ ಮಾಳಿಗೆ ಮನೆ. ಮಳೆ ಹಿಡಿದರೆ ಮೂಲೆ ಮೂಲೆಗೂ ಪಾತ್ರೆ ಇಡಬೇಕಿತ್ತು. ಮಗ ತುಮಕೂರಿನ ಕಡೆ ಫ್ಯಾಕ್ಟರಿಗೆ ಸೇರಿದ್ದ, ಸಂಬಂಧ ನೋಡಲು ಬರುವವರು ಮನೆ ನೋಡಿ ಹೋಗುತ್ತಿದ್ದರು. 2019ರಲ್ಲಿ ಆರ್‌ಸಿಸಿ ಮನೆ ಕಟ್ಟಲೇಬೇಕು ಅಂತಾಯಿತು. ಬ್ಯಾಂಕಿಗೆ ಹೋದರೆ ಸಂಬಳದ ಚೀಟಿ, ವರಮಾನ ತೆರಿಗೆ ಕಾಗದ ಕೇಳಿದರು. ಆಗ ಒಂದು ಖಾಸಗಿ ಹೌಸಿಂಗ್ ಫೈನಾನ್ಸ್ ಕಂಪನಿಯ ಹುಡುಗ ಬೈಕಿನಲ್ಲಿ ಮನೆ ಬಾಗಿಲಿಗೇ ಬಂದ.

"ಯಜಮಾನ್ರೇ, ವರ್ಷಕ್ಕೆ ಶೇಕಡಾ 12. ಅಂದ್ರೆ ರೂಪಾಯಿ ಬಡ್ಡಿ. ನಿಮ್ಮೂರಲ್ಲಿ ರೂಪಾಯಿ ಬಡ್ಡಿಗೆ ಯಾರು ಕೊಡ್ತಾರೆ ಹೇಳಿ?" ಅಂದ.

ಅವನು ಹೇಳಿದ್ದು ಸುಳ್ಳಲ್ಲ. ನೂರಕ್ಕೆ ತಿಂಗಳಿಗೆ ಒಂದು ರೂಪಾಯಿ. ಊರಲ್ಲಿ ಎರಡು, ಮೂರು ರೂಪಾಯಿ ನಡೆಯುತ್ತಿತ್ತು. ಐದು ಲಕ್ಷ ಸಾಲ, ಇಪ್ಪತ್ತು ವರ್ಷ, ತಿಂಗಳಿಗೆ 5,505 ರೂಪಾಯಿ. ಮಗ ಜೊತೆಗೆ ಸಹಿ ಹಾಕಿದ. ನನಗೆ ಆಗ 51 ವರ್ಷ. 71ಕ್ಕೆ ತೀರುತ್ತದೆ ಅಂತ ಬೆರಳಲ್ಲಿ ಎಣಿಸಿದೆ, ಅಷ್ಟೇ. 5,505ನ್ನು 240 ತಿಂಗಳಿಗೆ ಗುಣಿಸಿ ನೋಡಲಿಲ್ಲ. ಏಳನೇ ಕ್ಲಾಸಿನವನಿಗೂ ಬರುವ ಗುಣಾಕಾರ ಅದು. ಗುಣಿಸಿದರೆ 13 ಲಕ್ಷದ 21 ಸಾವಿರ. ಅಸಲು 5 ಲಕ್ಷ, ಬಡ್ಡಿಯೇ 8 ಲಕ್ಷದ 21 ಸಾವಿರ.

ಇದನ್ನು ಶೇಂಗಾ ಲೆಕ್ಕಕ್ಕೆ ತಂದರೆ ನಮಗೆ ಬೇಗ ಅರ್ಥ ಆಗುತ್ತದೆ. ಕ್ವಿಂಟಾಲಿಗೆ 6,000 ಅಂತ ಇಟ್ಟುಕೊಳ್ಳಿ. ಬಡ್ಡಿಯೊಂದಕ್ಕೇ 137 ಕ್ವಿಂಟಾಲು ಬೇಕು. ಮಳೆ ಸರಿ ಬಂದ ವರ್ಷ ನನ್ನ ಆರು ಎಕರೆಗೆ ಹದಿನೆಂಟು ಕ್ವಿಂಟಾಲು ಆಗುತ್ತದೆ. ಅಂದರೆ ಏಳೂವರೆ ವರ್ಷದ ಪೂರಾ ಬೆಳೆ. ಬೀಜ, ಉಳುಮೆ, ಆಳಿನ ಖರ್ಚು ಕಳೆಯದೆ!

ಕಂತು ಒಳಗೆ ಹೇಗೆ ಒಡೆಯುತ್ತದೆ

ಈ ಲೆಕ್ಕ ನನಗೆ ಕಲಿಸಿದ್ದು ಮಗಳು. ಪಿಯುಸಿಯಲ್ಲಿ ಕಾಮರ್ಸ್ ಓದಿದವಳು. ಬೀಜದ ಅಂಗಡಿ ರಸೀತಿಯ ಹಿಂದೆ ಬರೆದು ತೋರಿಸಿದಳು.

ಶೇಕಡಾ 12 ಬಡ್ಡಿಯಾದರೆ ಬಹಳ ಸುಲಭ. ಬಾಕಿ ಎಷ್ಟಿದೆಯೋ ಅದರ ಕೊನೆಯ ಎರಡು ಅಂಕೆ ತೆಗೆದುಬಿಡಿ. ಉಳಿದದ್ದೇ ಆ ತಿಂಗಳ ಬಡ್ಡಿ. 5,00,000ಕ್ಕೆ 5,000. ನಾನು ಕಟ್ಟಿದ್ದು 5,505. ಅಸಲಿಗೆ ಹೋದದ್ದು ಬರೀ 505. ಎರಡನೇ ತಿಂಗಳು ಬಾಕಿ 4,99,495, ಬಡ್ಡಿ 4,995, ಅಸಲಿಗೆ 510. ಮೂರನೇ ತಿಂಗಳು ಬಡ್ಡಿ 4,990, ಅಸಲಿಗೆ 515. ಬೇರೆ ದರವಾದರೆ ಬಾಕಿಯನ್ನು ದರದಿಂದ ಗುಣಿಸಿ 1200ರಿಂದ ಭಾಗಿಸಿ, ಆ ತಿಂಗಳ ಬಡ್ಡಿ ಸಿಗುತ್ತದೆ.

ಒಂದು ವರ್ಷ ತುಂಬುವ ಹೊತ್ತಿಗೆ ನಾನು ಕಟ್ಟಿದ್ದು 66 ಸಾವಿರ, ಸಾಲ ಇಳಿದದ್ದು 6,410 ರೂಪಾಯಿ. ಐದು ವರ್ಷಕ್ಕೆ 3 ಲಕ್ಷ 30 ಸಾವಿರ ಕಟ್ಟಿದರೂ ಸಾಲ ಇಳಿಯುವುದು 41 ಸಾವಿರ ಮಾತ್ರ. ಐದು ಲಕ್ಷದಲ್ಲಿ ಅರ್ಧ ತೀರಬೇಕಾದರೆ ಹದಿನೈದು ವರ್ಷ ಬೇಕು. ಉಳಿದ ಅರ್ಧ ಕೊನೆಯ ಐದು ವರ್ಷದಲ್ಲಿ ತೀರುತ್ತದೆ. ಇದು ಮೋಸವಲ್ಲ, ಲೆಕ್ಕವೇ ಹಾಗೆ. ಬಾಕಿ ದೊಡ್ಡದಿದ್ದಾಗ ಬಡ್ಡಿ ದೊಡ್ಡದು. ಆದರೆ ಸಹಿ ಹಾಕಿಸುವಾಗ ಯಾರೂ ಇದನ್ನು ಬಿಡಿಸಿ ಹೇಳುವುದಿಲ್ಲ.

ಇನ್ನೊಂದು ನೋಡಿ. ಇದೇ ಐದು ಲಕ್ಷಕ್ಕೆ ಹದಿನೈದು ವರ್ಷ ಅಂತ ಬರೆಸಿದ್ದರೆ ಕಂತು 6,001. ತಿಂಗಳಿಗೆ 496 ರೂಪಾಯಿ ಜಾಸ್ತಿ. ಒಟ್ಟು ಕಟ್ಟುವುದು 10 ಲಕ್ಷ 80 ಸಾವಿರ. 2 ಲಕ್ಷ 41 ಸಾವಿರ ಉಳಿಯುತ್ತಿತ್ತು. ಹತ್ತು ವರ್ಷಕ್ಕಾದರೆ ಕಂತು 7,174, ಒಟ್ಟು 8 ಲಕ್ಷ 61 ಸಾವಿರ. ನಮಗೆ ಬ್ಯಾಂಕಿನವರು 9ಕ್ಕೆ ಕೊಡಲಿಲ್ಲ, ಕಂಪನಿಯವರು 12 ಹಾಕಿದರು ಅಂತ ಬೇಜಾರು ಮಾಡಿಕೊಳ್ಳುತ್ತೇವಲ್ಲ? 9ರ ದರದಲ್ಲಿ ಇಪ್ಪತ್ತು ವರ್ಷ ಕಟ್ಟಿದರೂ ಒಟ್ಟು ಅದೇ 10 ಲಕ್ಷ 80 ಸಾವಿರ! ಐದು ವರ್ಷದ ಅವಧಿಗೆ ಶೇಕಡಾ ಮೂರು ಬಡ್ಡಿಯಷ್ಟು ತೂಕವಿದೆ. ದರಕ್ಕೆ ಚೌಕಾಸಿ ಮಾಡಿದವನು ವರ್ಷಕ್ಕೆ ಚೌಕಾಸಿ ಮಾಡುವುದೇ ಇಲ್ಲ.

ಪೇಟೆಯ ನೆಂಟರೊಬ್ಬರು ಹೇಳಿದರು, "ಮಾವ, ಇಪ್ಪತ್ತು ವರ್ಷದ ಮೇಲೆ ಐದು ಸಾವಿರಕ್ಕೆ ಬೆಲೆ ಎಲ್ಲಿರುತ್ತೆ? ಉದ್ದ ಇದ್ದಷ್ಟೂ ಒಳ್ಳೇದು. ತೆರಿಗೆನೂ ಉಳಿಯುತ್ತೆ." ಅವರ ಮಾತಲ್ಲಿ ಹುರುಳಿಲ್ಲ ಅಂತಲ್ಲ. ವರ್ಷ ವರ್ಷ ಸಂಬಳ ಏರುವವರಿಗೆ ಅದು ಸರಿ. ನಮ್ಮ ಶೇಂಗಾ ರೇಟು ಹಾಗೆ ಮೆಟ್ಟಿಲು ಹತ್ತಿದ್ದನ್ನು ನಾನು ಕಂಡಿಲ್ಲ. ಇನ್ನು ತೆರಿಗೆ: ಬೇಸಾಯದ ವರಮಾನಕ್ಕೆ ತೆರಿಗೆಯೇ ಇಲ್ಲ, ಉಳಿಯುವುದೇನು?

ಕೈಗೆ ಬಂದದ್ದು ಐದು ಲಕ್ಷವಲ್ಲ

ಸಾಲ ಐದು ಲಕ್ಷ ಅಂತ ಬರೆದರೂ ಪ್ರೊಸೆಸಿಂಗ್ ಫೀ, ವಕೀಲರ ಫೀ, ವಿಮೆ ಅಂತ 24 ಸಾವಿರ ಹಿಡಿದುಕೊಂಡು 4 ಲಕ್ಷ 76 ಸಾವಿರ ಕೊಟ್ಟರು. ಬಡ್ಡಿ ಮಾತ್ರ ಐದು ಲಕ್ಷಕ್ಕೇ. ಆ 24 ಸಾವಿರಕ್ಕೆ ಇಪ್ಪತ್ತು ವರ್ಷದಲ್ಲಿ ನಾನು ಕಟ್ಟುವುದು 63 ಸಾವಿರ. ಆ ಖರ್ಚನ್ನು ಕೈಯಿಂದ ಕೊಡಲು ಆಗುವವರು ಕೈಯಿಂದಲೇ ಕೊಟ್ಟುಬಿಡಿ, ಸಾಲಕ್ಕೆ ಸೇರಿಸಬೇಡಿ. ವಿಮೆ ಬೇಡ ಅನ್ನುತ್ತಿಲ್ಲ. ದುಡಿಯುವ ಮಗನ ಹೆಸರಲ್ಲಿ ಇದ್ದರೆ ಒಳ್ಳೆಯದೇ. ಯಾರ ಹೆಸರಲ್ಲಿ, ಎಷ್ಟು ವರ್ಷಕ್ಕೆ ಅಂತ ಕೇಳಿ ಬರೆಸಿಕೊಳ್ಳಿ.

2020ರಲ್ಲಿ ಕೊರೋನಾ ಬಂದಾಗ ಮಾರ್ಚಿಯಿಂದ ಆಗಸ್ಟ್‌ವರೆಗೆ ಕಂತು ಮುಂದೂಡುವ ಅವಕಾಶವಿತ್ತು. ಕಂತು ನಿಲ್ಲಿಸಬಹುದಿತ್ತು, ಬಡ್ಡಿ ನಿಲ್ಲುತ್ತಿರಲಿಲ್ಲ. ಮಗನ ಸಂಬಳ ಅರ್ಧಕ್ಕೆ ಬಂದಿದ್ದರೂ ನಾವು ಹೇಗೋ ಕಟ್ಟಿದೆವು.

ಒಂದು ಕಾಗದ ಬಂತು

2022ರ ಮೇ ತಿಂಗಳಿಂದ ರಿಸರ್ವ್ ಬ್ಯಾಂಕು ರೆಪೊ ದರ ಏರಿಸತೊಡಗಿತು. ಶೇಕಡಾ 4 ಇದ್ದದ್ದು 2023ರ ಫೆಬ್ರುವರಿಗೆ 6.50 ಆಯಿತು. ಬ್ಯಾಂಕುಗಳಿಗೆ ರಿಸರ್ವ್ ಬ್ಯಾಂಕು ಸಾಲ ಕೊಡುವ ದರ ಅದು. ಅದು ಏರಿದರೆ ನಮ್ಮ ಮನೆ ಸಾಲದ ಬಡ್ಡಿಯೂ ಏರುತ್ತದೆ. ನನ್ನ ಕರಾರಿನಲ್ಲಿ ಏರಿಳಿಯುವ ಬಡ್ಡಿ ಅಂತ ಇತ್ತು. ನಾನು ಓದಿರಲಿಲ್ಲ.

ಮೂವತ್ತಾರು ಕಂತು ಮುಗಿದ ಮೇಲೆ, 2022ರ ನವೆಂಬರಿನಲ್ಲಿ ಕಂಪನಿಯಿಂದ ಕಾಗದ ಬಂತು. ಬಡ್ಡಿ 13.25 ಆಗಿದೆ, ನಿಮ್ಮ ಕಂತಿನಲ್ಲಿ ಬದಲಾವಣೆ ಇಲ್ಲ ಅಂತ. ಕಂತು ಏರಲಿಲ್ಲವಲ್ಲ ಅಂತ ಸಮಾಧಾನದಿಂದ ಗೂಡಿನಲ್ಲಿ ಇಟ್ಟೆ. ಮಗಳು ಓದಿ, "ಅಪ್ಪಾ, ಇಲ್ಲಿ ಕೆಳಗೆ ನೋಡು, ಉಳಿದ ಕಂತು 292 ಅಂತಿದೆ" ಅಂದಳು. ಇರಬೇಕಿದ್ದದ್ದು 204. ಹದಿನೇಳು ವರ್ಷ ಇದ್ದದ್ದು ಇಪ್ಪತ್ತನಾಲ್ಕು ವರ್ಷ ನಾಲ್ಕು ತಿಂಗಳು ಆಗಿತ್ತು. 88 ಕಂತು ಹೆಚ್ಚು, ಅಂದರೆ 4 ಲಕ್ಷ 84 ಸಾವಿರ. ನನಗೆ 78 ಆಗುವವರೆಗೆ ಕಟ್ಟಬೇಕು. ನಾನು ಇಲ್ಲದಿದ್ದರೆ ಮಗ.

ರಸೀತಿ ಹಿಂದೆ ಮತ್ತೆ ಲೆಕ್ಕ ಹಾಕಿದೆವು. ಬಾಕಿ 4,78,228. 13.25ರಂತೆ ತಿಂಗಳ ಬಡ್ಡಿ 5,280. ಕಂತು 5,505. ಅಸಲಿಗೆ ಬೀಳುತ್ತಿದ್ದದ್ದು 225 ರೂಪಾಯಿ! ದರ 14 ಆಗಿದ್ದರೆ ಬಡ್ಡಿಯೇ 5,579. ಕಂತು ಪೂರ್ತಿ ಕಟ್ಟಿದರೂ ಸಾಲ ಬೆಳೆಯುತ್ತಿತ್ತು. ಆ ರಾತ್ರಿ ನಿದ್ದೆ ಬರಲಿಲ್ಲ.

ನಮ್ಮ ಹತ್ತಿರ ಇದ್ದದ್ದು ಕುರಿ ಮಾತ್ರ. ಮಾರಿದರೆ ಒಂದು ಲಕ್ಷಕ್ಕೆ ಮೋಸವಿಲ್ಲ. ಒಂದು ಲಕ್ಷ ಅಸಲಿಗೆ ಕಟ್ಟಿದರೆ ಬಾಕಿ 3,78,228, ತಿಂಗಳ ಬಡ್ಡಿ 4,176, ಅಸಲಿಗೆ ಬೀಳುವುದು 1,329. ಉಳಿಯುವ ಕಂತು 130. ಹತ್ತು ವರ್ಷ ಹತ್ತು ತಿಂಗಳು. ಒಂದು ಲಕ್ಷಕ್ಕೆ 162 ಕಂತು ಹೋಗುತ್ತದೆ, ಅಂದರೆ 8 ಲಕ್ಷ 92 ಸಾವಿರ. ಮೂರು ಸಲ ಹಾಕಿ ನೋಡಿದೆವು, ತಪ್ಪಿರಲಿಲ್ಲ.

ಮನೆಯವಳು ಒಪ್ಪಲಿಲ್ಲ. "ನಿಮಗೆ ಲೆಕ್ಕ ಬರಬಹುದು. ಬರ ಬಂದ್ರೆ ಲೆಕ್ಕ ಉಣ್ಣೋಕಾಗುತ್ತಾ?" ಅಂದಳು. ಎರಡು ದಿನ ಮಾತಿಲ್ಲ. ಕೊನೆಗೆ ಐದು ಹೆಣ್ಣು ಕುರಿ ಉಳಿಸಿಕೊಂಡು ಬಾಕಿ ಮಾರಿದೆವು. ಕಡಿಮೆ ಬಿದ್ದದ್ದನ್ನು ಮಗ ತುಂಬಿದ.

ಅವಳು ಹೇಳಿದಂತೆಯೇ ಆಯಿತು. 2023ರಲ್ಲಿ ಮಳೆ ಕೈಕೊಟ್ಟಿತು. ರಾಜ್ಯದ 223 ತಾಲ್ಲೂಕು ಬರಪೀಡಿತ ಅಂತ ಘೋಷಣೆ ಆಯಿತು, ನಮ್ಮದೂ ಸೇರಿ. ಹೊಲದಿಂದ ಬೀಜವೂ ವಾಪಸ್ ಬರಲಿಲ್ಲ. ಕುರಿ ಇದ್ದಿದ್ದರೆ ಎರಡೆರಡೇ ಮಾರಿ ವರ್ಷ ದಾಟುತ್ತಿದ್ದೆವು. ಎರಡು ಕಂತು ತಡವಾಗಿ ದಂಡವೂ ಬಿತ್ತು. ಕೂಲಿಗೆ ಹೋದೆವು. ಆದ್ದರಿಂದ ಇದ್ದಬದ್ದದ್ದೆಲ್ಲ ಮಾರಿ ಸಾಲಕ್ಕೆ ಕಟ್ಟಿ ಅಂತ ನಾನು ಯಾರಿಗೂ ಹೇಳಲಾರೆ. ಒಂದು ವರ್ಷದ ಬರ ತಡೆಯುವಷ್ಟು ಇಟ್ಟುಕೊಂಡು ಉಳಿದದ್ದನ್ನು ಕಟ್ಟಬೇಕಿತ್ತು ಅಂತ ಈಗ ಅನ್ನಿಸುತ್ತದೆ. ಎಪ್ಪತ್ತು ಸಾವಿರ ಕಟ್ಟಿದ್ದರೂ ಸಾಕಿತ್ತೇನೋ.

ಕಂತು ತಪ್ಪುವುದೂ ಸಣ್ಣ ಮಾತಲ್ಲ. ತೊಂಬತ್ತು ದಿನ ಬಾಕಿ ಬಿದ್ದರೆ ಸಾಲ ಕೆಟ್ಟ ಸಾಲದ ಪಟ್ಟಿಗೆ ಹೋಗುತ್ತದೆ. ಆಮೇಲೆ 2002ರ ಸರ್ಫೇಸಿ ಕಾಯ್ದೆಯಂತೆ ಅರವತ್ತು ದಿನದ ನೋಟಿಸು ಕೊಟ್ಟು, ಸಿವಿಲ್ ಕೋರ್ಟಿಗೆ ಹೋಗದೆಯೇ ಮನೆ ಹಿಡಿಯಲು ದಾರಿಯಿದೆ. ಆ ಕಾಯ್ದೆ ಸಾಗುವಳಿ ಜಮೀನಿಗೆ ಅನ್ವಯಿಸುವುದಿಲ್ಲ, ಮನೆಗೆ ಅನ್ವಯಿಸುತ್ತದೆ. ಹೊಲದ ಸಾಲದ ಹಾಗೆ ಮನ್ನಾ ಆದೀತು ಅಂತ ಕಾಯುವವರು ಇದನ್ನು ನೆನಪಿಡಬೇಕು.

ಕೇಳಿ ಪಡೆಯಬೇಕಾದ್ದು

ಮಗಳು ಹುಡುಕಿ ಓದಿ ಹೇಳಿದ ಕೆಲವು ನಿಯಮ ಇವೆ. 2023ರ ಆಗಸ್ಟಿನ ರಿಸರ್ವ್ ಬ್ಯಾಂಕ್ ಸುತ್ತೋಲೆಯಂತೆ, ಬಡ್ಡಿ ಏರಿದಾಗ ಕಂತು ಏರಿಸುವುದೋ, ಅವಧಿ ಉದ್ದ ಮಾಡುವುದೋ, ಎರಡೂ ಸ್ವಲ್ಪ ಸ್ವಲ್ಪವೋ ಅನ್ನುವುದನ್ನು ಸಾಲಗಾರನಿಗೆ ಬಿಡಬೇಕು. ಮೂರು ತಿಂಗಳಿಗೊಮ್ಮೆ ಎಷ್ಟು ಅಸಲು ಎಷ್ಟು ಬಡ್ಡಿ ಸಂದಿದೆ, ಎಷ್ಟು ಕಂತು ಉಳಿದಿದೆ ಅಂತ ಲೆಕ್ಕ ಕೊಡಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೂ ಇದು ಅನ್ವಯ. ಏರಿಳಿಯುವ ಬಡ್ಡಿಯ ಮನೆ ಸಾಲವನ್ನು ಮುಂಚೆ ತೀರಿಸಿದರೆ ದಂಡ ಹಾಕುವಂತಿಲ್ಲ. 2024ರ ಅಕ್ಟೋಬರ್ 1ರಿಂದ ಹೊಸ ಸಾಲಕ್ಕೆ 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್' ಅನ್ನುವ ಹಾಳೆ ಕೊಡಬೇಕು. ಫೀ, ವಿಮೆ ಎಲ್ಲ ಸೇರಿಸಿ ವರ್ಷಕ್ಕೆ ನಿಜವಾಗಿ ಎಷ್ಟು ಬೀಳುತ್ತದೆ ಅಂತ ಅದರಲ್ಲಿರಬೇಕು, ನಮಗೆ ತಿಳಿಯುವ ಭಾಷೆಯಲ್ಲಿ. ಕನ್ನಡದಲ್ಲೇ ಕೊಡಿ ಅಂತ ಕೇಳಿ. ಸಾಲ ಪೂರ್ತಿ ತೀರಿದ ಮೇಲೆ ಮೂವತ್ತು ದಿನದೊಳಗೆ ಮೂಲ ಪತ್ರ ವಾಪಸ್ ಕೊಡಬೇಕು. ಅವರ ಕಡೆಯಿಂದ ತಡವಾದರೆ ದಿನಕ್ಕೆ ಐದು ಸಾವಿರ ಪರಿಹಾರ ಕೊಡಬೇಕು.

ನಮ್ಮಂಥವರ ದುಡ್ಡು ವರ್ಷಕ್ಕೊಮ್ಮೆ ಬರುತ್ತದೆ, ಕಂತು ತಿಂಗಳಿಗೊಮ್ಮೆ. ಹೀಗಾಗಿ ಕಂತು ಕಡಿಮೆ ಇರಲಿ ಅಂತ ಉದ್ದದ ಅವಧಿ ಬರೆಸುವುದು ತಪ್ಪಲ್ಲ. ಆದರೆ ಬೆಳೆ ಮಾರಿದಾಗ ವರ್ಷಕ್ಕೊಮ್ಮೆ ಅಸಲಿಗೆ ಏನಾದರೂ ಕಟ್ಟಬೇಕು. 12ರ ದರದ ಐದು ಲಕ್ಷಕ್ಕೆ ಪ್ರತಿ ವರ್ಷ ಹತ್ತು ಸಾವಿರ ಹೆಚ್ಚಿಗೆ ಕಟ್ಟುತ್ತಾ ಬಂದರೆ ಇಪ್ಪತ್ತು ವರ್ಷದ ಸಾಲ ಹದಿಮೂರು ವರ್ಷ ನಾಲ್ಕು ತಿಂಗಳಿಗೆ ತೀರುತ್ತದೆ. ಒಟ್ಟಿನಲ್ಲಿ 3 ಲಕ್ಷ 13 ಸಾವಿರ ಉಳಿತಾಯ. ಕಟ್ಟುವಾಗ ಇದು ಅಸಲಿಗೆ, ಕಂತಿನ ಮೊತ್ತ ಇಳಿಸಬೇಡಿ ಅವಧಿ ಇಳಿಸಿ ಅಂತ ಬರವಣಿಗೆಯಲ್ಲಿ ಕೊಡಿ. ನಾನು ಒಂದು ಸಲ ಬಾಯಿಮಾತಲ್ಲಿ ಹೇಳಿ ಬಂದಿದ್ದೆ, ಮುಂದಿನ ಕಂತುಗಳಿಗೆ ಮುಂಗಡ ಅಂತ ಜಮಾ ಮಾಡಿಕೊಂಡಿದ್ದರು. ಮೂರು ಸಲ ಓಡಾಡಿ ಸರಿಮಾಡಿಸಿದೆ. 2025ರ ಫೆಬ್ರುವರಿಯಿಂದ ರೆಪೊ ದರ ಇಳಿಯಿತಲ್ಲ, ನನ್ನ ಬಡ್ಡಿ ತಾನಾಗಿ ಇಳಿಯಲಿಲ್ಲ. ಅರ್ಜಿ ಬರೆದುಕೊಟ್ಟ ಮೇಲೆ ಸ್ವಲ್ಪ ಇಳಿಸಿದರು. ಏರುವಾಗ ಅರ್ಜಿ ಬೇಕಿರಲಿಲ್ಲ.

ಈಗ ನನ್ನ ಬಾಕಿ ಮೂರು ಲಕ್ಷದ ಹತ್ತಿರ ಇದೆ. ಶೇಂಗಾ ಮಾರಿದ ಮೇಲೆ ಇನ್ನು ಹದಿನೈದು ಸಾವಿರ ಕಟ್ಟಬೇಕು ಅಂತ ನಾನು. ಮೊದಲು ಎರಡು ಹೆಣ್ಣು ಕುರಿ ತರಬೇಕು ಅಂತ ಮನೆಯವಳು. ಸದ್ಯಕ್ಕೆ ಶೇಂಗಾ ಇನ್ನೂ ಬಣವೆಯಲ್ಲಿದೆ.