ಸಹಿ ಹಾಕುವ ಮುನ್ನ

ಸಂಘದ ಸಾಲದಲ್ಲಿ ಹೆಣ್ಣುಮಕ್ಕಳು ಹೆಚ್ಚಾಗಿ ಎಡವುವುದು ಬೇರೆಯವರಿಗಾಗಿ ತಮ್ಮ ಹೆಸರಿನಲ್ಲಿ ಸಾಲ ಎತ್ತಿದಾಗ. ನೆರೆಯಾಕೆ ಮಗಳ ಮದುವೆಗೆಂದು ಕಣ್ಣೀರಿಟ್ಟರೆ ಇಲ್ಲವೆನ್ನುವುದು ಕಷ್ಟವೇ. ಆದರೆ ಆಕೆ ಊರು ಬಿಟ್ಟರೆ ವಾರದ ಕಂತು ಕಟ್ಟಬೇಕಾದವರು ಸಹಿ ಹಾಕಿದವರು. ಕೈಲಾದಷ್ಟು ಹಣ ಕೊಟ್ಟು ನೆರವಾಗಬಹುದು; ಆಧಾರ್ ಪ್ರತಿ, ಸಹಿ ಕೊಡಬಾರದು. ಹಳೆಯ ಕಂತು ತೀರಿಸಲು ಹೊಸ ಸಾಲ ಮಾಡಬಾರದು. ರಿಸರ್ವ್ ಬ್ಯಾಂಕಿನ ಕಿರುಸಾಲ ನಿಯಮದಂತೆ ಕುಟುಂಬದ ಎಲ್ಲ ಸಾಲಗಳ ತಿಂಗಳ ಕಂತು ಆದಾಯದ ಅರ್ಧ ಮೀರುವಂತಿಲ್ಲ; ಬೆಳಿಗ್ಗೆ 9ಕ್ಕೆ ಮುಂಚೆ, ಸಂಜೆ 6ರ ನಂತರ ವಸೂಲಿ ಕರೆಯೂ ಸಲ್ಲದು. ಬಲವಂತದ ವಸೂಲಿ ತಡೆಯಲು ಕರ್ನಾಟಕ 2025ರಲ್ಲಿ ಕಾನೂನು ತಂದಿದೆ. ಕಿರುಕುಳವಾದರೆ ಮರ್ಯಾದೆಗೆ ಅಂಜಿ ಊರು ಬಿಡುವುದು, ಜೀವದ ಆಸೆ ಬಿಡುವುದು ಬೇಡ. ಠಾಣೆಗೆ ದೂರು ಕೊಡಬೇಕು. ಸಾಲ ತೀರಿಸಬಹುದು, ಹೋದ ಜೀವ ಮರಳದು.